ಪಿರಾನ್ಹಾ: ‘ನರಭಕ್ಷಕ’ ಎಂಬ ಹೆಸರಿನ ಚರಿತ್ರೆ

ಅಮೆಜಾನ್, ಒರಿನೋಕೊ, ಪರಗ್ವೆ ನದಿಗಳಲ್ಲಿ ಬಾಳುವ ಚೂಪುಹಲ್ಲಿನ ಸಿಹಿನೀರಿನ ಮೀನು ಪಿರಾನ್ಹಾ. ಇದರ ತ್ರಿಕೋನ ಹಲ್ಲುಗಳು ಕತ್ತರಿಯ ಅಲಗುಗಳಂತೆ ಒಂದಕ್ಕೊಂದು ಕೂಡಿಕೊಳ್ಳುತ್ತವೆ. ನದೀತೀರದ ಮೂಲನಿವಾಸಿಗಳು ಇದರ ದವಡೆಯನ್ನೇ ಕತ್ತರಿಸಲು ಬಳಸುತ್ತಿದ್ದರು. ಒರಿನೋಕೊ ಸೀಮೆಯ ಜನ ಈ ಮೀನಿಗೆ ಅಂಜುವುದನ್ನು 1800ರಲ್ಲಿ ಅಲ್ಲಿ ಸಂಚರಿಸಿದ ಜರ್ಮನ್ ವಿಜ್ಞಾನಿ ಹಂಬೋಲ್ಟ್ ಬರೆದಿಟ್ಟರು. ಆದರೆ ಜಗತ್ತಿನಾದ್ಯಂತ ಭೀತಿ ಹಬ್ಬಿದ್ದು ಮುಖ್ಯವಾಗಿ ಥಿಯೊಡೋರ್ ರೂಸ್‌ವೆಲ್ಟರಿಂದ.

ಅಮೆರಿಕದ ಈ ಮಾಜಿ ಅಧ್ಯಕ್ಷರು 1913-14ರಲ್ಲಿ ಬ್ರೆಜಿಲ್‌ನ ಕರ್ನಲ್ ರೊಂಡಾನ್ ಜೊತೆ ಕಾಡುನದಿಗಳನ್ನು ಸುತ್ತಿದರು. 1914ರ ಅವರ ಪ್ರವಾಸಕಥನದಲ್ಲಿ ಎರಡು ಘಟನೆಗಳು ಬರುತ್ತವೆ. ಸ್ನಾನಕ್ಕೆಂದು ಆಳವಿಲ್ಲದ ಮಡುವೊಂದನ್ನು ಚೆನ್ನಾಗಿ ನೋಡಿಕೊಂಡೇ ರೊಂಡಾನ್ ಕಾಲಿಟ್ಟಿದ್ದರು; ಇಟ್ಟ ಕೂಡಲೇ ಒಂದು ಬೆರಳು ಹೋಯಿತು. ಇನ್ನೊಮ್ಮೆ ತಂಡದವನೊಬ್ಬನ ಹೇಸರಗತ್ತೆ ಮಾತ್ರ ಮರಳಿತು. ಹುಡುಕಿದಾಗ ನೀರಿನಲ್ಲಿ ಸಿಕ್ಕಿದ್ದು ಅವನ ಅಸ್ಥಿಪಂಜರ, ಬಟ್ಟೆ ಹರಿದಿರಲಿಲ್ಲ. ಅವನು ಮೊದಲೇ ಮುಳುಗಿ ಸತ್ತಿದ್ದನೋ, ಮೀನುಗಳೇ ಕೊಂದವೋ ಹೇಳಲಾಗದು ಎಂದು ರೂಸ್‌ವೆಲ್ಟ್ ಅಲ್ಲೇ ಬರೆದಿದ್ದಾರೆ. ಕಥೆ ಬಾಯಿಂದ ಬಾಯಿಗೆ ಹೋಗುವಾಗ ಈ ಮಾತು ಬಿಟ್ಟುಹೋಯಿತು. ದೊಡ್ಡ ನಷ್ಟವೇ ಅದು, ಏಕೆಂದರೆ ಮುಂದಿನ ಸಂಶೋಧನೆಯ ಮೂಲ ಪ್ರಶ್ನೆ ಅದೇ ಆಗಿತ್ತು. 1978ರ ‘ಪಿರಾನ್ಹಾ’ ಸಿನಿಮಾ ಭೀತಿಯನ್ನು ಇನ್ನಷ್ಟು ಬೆಳೆಸಿತು.

ಉತ್ತರದ ಮೊದಲ ಎಳೆ 1987ರಲ್ಲಿ ಸಿಕ್ಕಿತು. ಪಿರಾನ್ಹಾಗಳು ಮನುಷ್ಯರ ಶವಗಳನ್ನು ತಿಂದ ಪ್ರಕರಣಗಳನ್ನು ಬ್ರೆಜಿಲ್‌ನ ಪ್ರಾಣಿಶಾಸ್ತ್ರಜ್ಞ ಇವಾನ್ ಸಜಿಮಾ ಮತ್ತು ಸಂಗಡಿಗರು ಪರಿಶೀಲಿಸಿ, ನರಭಕ್ಷಕ ಕಥೆಗಳ ಮೂಲ ಇದೇ ಇರಬೇಕೆಂದರು. ಬದುಕಿರುವವರನ್ನೂ ಇವು ಕಚ್ಚುವುದು ಸುಳ್ಳಲ್ಲ. ಆಗ್ನೇಯ ಬ್ರೆಜಿಲ್‌ನ ಅಣೆಕಟ್ಟೆಗಳ ಹಿನ್ನೀರಿನಲ್ಲಿ ಈಜುವವರಿಗಾದ ಗಾಯಗಳನ್ನು ಸಜಿಮಾ ಮತ್ತು ವೈದ್ಯ ವಿಡಾಲ್ ಹಡಾಡ್ 2003ರಲ್ಲಿ ವರದಿ ಮಾಡಿದರು. ಸಾಮಾನ್ಯವಾಗಿ ಒಬ್ಬರಿಗೆ ಒಂದೇ ಕಡಿತ, ಅದೂ ಹೆಚ್ಚಾಗಿ ಕಾಲಿಗೆ. ನಿಂತ ನೀರಿನ ಜಲಸಸ್ಯಗಳ ನಡುವೆ ಮೊಟ್ಟೆಮರಿಗಳನ್ನು ಕಾಯುವ ಮೀನು, ಹತ್ತಿರ ಬಂದವರನ್ನು ಹೀಗೆ ಓಡಿಸುತ್ತದೆ.

ಪಿರಾನ್ಹಾ ಹಿಂಡುಗಟ್ಟಿ ಬೇಟೆಯಾಡುತ್ತದೆಂಬ ನಂಬಿಕೆಯನ್ನು ಜೀವಶಾಸ್ತ್ರಜ್ಞರಾದ ಆ್ಯನ್ ಮಗುರನ್ ಮತ್ತು ಎಲ್ಡೆರ್ ಕೇರೋಸ್ ಪರೀಕ್ಷಿಸಿದರು. ಎಂಟು ಮೀನುಗಳ ಗುಂಪಿನಲ್ಲಿ ಕಿವಿರುಗಳ ಬಡಿತ ನಿಧಾನ. ಎರಡೇ ಮೀನುಗಳಿದ್ದಾಗ ಅದು ಚುರುಕು, ಅಂದರೆ ದಿಗಿಲು. 2005ರಲ್ಲಿ ಪ್ರಕಟವಾದ ಈ ಅಧ್ಯಯನದ ಪ್ರಕಾರ ಹಿಂಡು ಇರುವುದು ಮೊಸಳೆ ಜಾತಿಯ ಕೈಮನ್, ನದಿ ಡಾಲ್ಫಿನ್, ನೀರುಕಾಗೆಗಳಂಥ ಶತ್ರುಗಳಿಂದ ತಪ್ಪಿಸಿಕೊಳ್ಳಲು.

ಭಾರತದ ಮಾರುಕಟ್ಟೆಗಳಲ್ಲಿ ರೂಪಚಂದ್ ಎಂದು ಮಾರುವ, ಹೊಟ್ಟೆ ಕೆಂಪಾದ ಸಾಕುಮೀನನ್ನು ಪಿರಾನ್ಹಾ ಎಂದು ತಪ್ಪು ತಿಳಿಯುವುದುಂಟು. ಅದು ಪಿರಾನ್ಹಾದ ದಾಯಾದಿ ಪಾಕು. ಬಾಯಿ ತೆರೆದು ನೋಡಿದರೆ ವ್ಯತ್ಯಾಸ ತಿಳಿಯುತ್ತದೆ: ಕಾಯಿ, ಬೀಜ ಅರೆಯಲು ಒಗ್ಗಿದ ಚಪ್ಪಟೆ ದವಡೆಹಲ್ಲುಗಳು ಅದಕ್ಕಿವೆ.