ಹಗುರ ಫೈಲಿನ ಭಾರ

ಎಚ್‌ಡಿ ವಿಡಿಯೊ ಅಗ್ಗದ ಕ್ಯಾಮೆರಾಗಳಿಗೆ ಬಂದ ಕಾಲದಲ್ಲಿ ಜಾಗ ಉಳಿಸಿದ್ದು ಕ್ಯಾಮೆರಾ, ಅದರ ಬೆಲೆ ತೆತ್ತದ್ದು ಎಡಿಟಿಂಗ್ ಕೋಣೆ. 2003ರಲ್ಲಿ ಸೋನಿ, ಜೆವಿಸಿ, ಕ್ಯಾನನ್, ಶಾರ್ಪ್ ಸೇರಿ ರೂಪಿಸಿದ ಎಚ್‌ಡಿವಿ, ಹಳೆಯ ಮಿನಿ ಡಿವಿ ಟೇಪಿನಲ್ಲೇ, ಡಿವಿಯಷ್ಟೇ ವೇಗದಲ್ಲಿ, ಅಂದರೆ ಸೆಕೆಂಡಿಗೆ ಸುಮಾರು 25 ಮೆಗಾಬಿಟ್‌ನಲ್ಲಿ, 1080 ಸಾಲಿನ ಚಿತ್ರವನ್ನು ಹಿಡಿದಿಟ್ಟಿತು. ಡಿವಿಯಲ್ಲಿ ಪ್ರತಿ ಫ್ರೇಮೂ ತನ್ನಷ್ಟಕ್ಕೆ ಪೂರ್ಣ. ಇಲ್ಲಿ 12 ಇಲ್ಲವೇ 15 ಫ್ರೇಮಿನ ಒಂದು ಗುಂಪಿಗೆ ಒಂದೇ ಪೂರ್ಣ ಚಿತ್ರ. ಮಿಕ್ಕವು ಅಕ್ಕಪಕ್ಕದ ಫ್ರೇಮಿಗೂ ತಮಗೂ ಇರುವ ವ್ಯತ್ಯಾಸದ ಲೆಕ್ಕ. ಸುಮ್ಮನೆ ಕೂತು ನೋಡುವವರಿಗೆ ಇದರಿಂದ ಏನೂ ತೊಂದರೆಯಿಲ್ಲ. ಎಡಿಟರ್ ಮಾತ್ರ ಟೈಮ್‌ಲೈನಿನಲ್ಲಿ ಹಿಂದಕ್ಕೂ ಮುಂದಕ್ಕೂ ಓಡಾಡಬೇಕು. ಗುಂಪಿನ ಎಂಟನೆಯ ಫ್ರೇಮ್ ತೋರಿಸಲು ಕಂಪ್ಯೂಟರ್ ಮೊದಲನೆಯದರಿಂದ ಲೆಕ್ಕ ಬಿಡಿಸುತ್ತ ಬರಬೇಕು. ಅಲ್ಲೇ ಕತ್ತರಿಸಿದರೆ ಆ ಗುಂಪನ್ನೇ ಹೊಸದಾಗಿ ಕಟ್ಟಬೇಕು. ಫೈನಲ್ ಕಟ್ ಪ್ರೊ ಎಂಬ ಎಡಿಟಿಂಗ್ ತಂತ್ರಾಂಶದಲ್ಲಿ ಎಚ್‌ಡಿವಿಯಲ್ಲೇ ಎಡಿಟ್ ಮಾಡಿದವರು ಕೊನೆಗೆ ‘ಕನ್‌ಫಾರ್ಮಿಂಗ್’ ಪಟ್ಟಿ ತೆವಳುವುದನ್ನು ನೋಡುತ್ತ ಕೂರುತ್ತಿದ್ದದ್ದು ಇದಕ್ಕೇ. 2006ರ ಎವಿಸಿಎಚ್‌ಡಿ ಫಾರ್ಮ್ಯಾಟ್ ಇನ್ನೂ ಜಟಿಲವಾದ ಎಚ್.264 ಸಂಕೋಚನ ವಿಧಾನವನ್ನು ತಂದು ಕಷ್ಟವನ್ನು ಹೆಚ್ಚಿಸಿತು.

ಹಾಗಾಗಿ ಫೈಲ್ ಚಿಕ್ಕದಾದಷ್ಟೂ ಕೆಲಸ ಸಲೀಸು ಎಂಬ ಎಣಿಕೆ ತಲೆಕೆಳಗಾಯಿತು. ಆವಿಡ್‌ನ ಡಿಎನ್‌ಎಕ್ಸ್‌ಎಚ್‌ಡಿ (2004), ಆಪಲ್‌ನ ಪ್ರೊರೆಸ್ (2007) ಎರಡೂ ಪ್ರತಿ ಫ್ರೇಮನ್ನು ಮತ್ತೆ ಸ್ವತಂತ್ರಗೊಳಿಸಿದವು, ಫೈಲನ್ನು ಉಬ್ಬಿಸಿದವು. ಎಚ್‌ಡಿವಿಯಲ್ಲಿ ಗಂಟೆಗೆ ಸುಮಾರು 11 ಜಿಬಿ ಆಗುತ್ತಿದ್ದದ್ದು, 25 ಫ್ರೇಮಿನ ಪ್ರೊರೆಸ್ 422ರಲ್ಲಿ ಸುಮಾರು 55 ಜಿಬಿ. ಡಿಸ್ಕ್ ಅಗ್ಗವಾಗುತ್ತಿದ್ದ ಕಾಲದಲ್ಲಿ ಪ್ರೊಸೆಸರಿನ ಹೊರೆಯನ್ನು ಡಿಸ್ಕಿಗೆ ದಾಟಿಸಿದ್ದು ಜಾಣತನವೇ. ಪರಿವರ್ತಿಸಿದರೆ ಚಿತ್ರವೇನೂ ಚೆಲುವಾಗುವುದಿಲ್ಲ, ಸಮಯ ಮಾತ್ರ ದಂಡ ಎಂಬ ಆಕ್ಷೇಪದ ಮೊದಲರ್ಧ ನಿಜ: ಕ್ಯಾಮೆರಾ ಕಳೆದದ್ದನ್ನು ಯಾವ ಫಾರ್ಮ್ಯಾಟೂ ಮರಳಿ ಕೊಡದು. ಆದರೆ ಆ ಸಮಯ ರಾತ್ರಿಯಿಡೀ ಯಂತ್ರ ಕಳೆಯುವಂಥದ್ದು. ತಡವರಿಸುವ ಟೈಮ್‌ಲೈನ್ ತಿನ್ನುವುದು ಮನುಷ್ಯನ ಹಗಲನ್ನು. ಜೊತೆಗೆ, ಬಣ್ಣ ತಿದ್ದಿ ಮತ್ತೆ ಮತ್ತೆ ಎಚ್‌ಡಿವಿಗೇ ಮರಳಿಸಿದರೆ ಆಗುವ ನಷ್ಟ ಪ್ರೊರೆಸ್‌ನಲ್ಲಿ ತೀರಾ ಕಡಿಮೆ.

ಈಗ ಚಿಪ್‌ಗಳೇ ಎಚ್.264 ಬಿಡಿಸುತ್ತವಲ್ಲ ಎನ್ನಬಹುದು. 2011ರಲ್ಲಿ ಇಂಟೆಲ್‌ನ ಕ್ವಿಕ್ ಸಿಂಕ್ ಬಂದ ಮೇಲೆ ಒಂದೆರಡು ಎಚ್‌ಡಿ ಪದರಗಳ ಮಟ್ಟಿಗೆ ಆ ಮಾತು ಒಪ್ಪಬೇಕಾದದ್ದೇ. ಆದರೆ ಆಮೇಲೆ ಕ್ಯಾಮೆರಾಗಳು 4ಕೆ ಚಿತ್ರವನ್ನು 10 ಬಿಟ್ ಎಚ್.265ರಲ್ಲಿ ತುರುಕಲು ಹೊರಟವು, ಆ ಬಗೆಯ ಕೆಲವು ಫೈಲುಗಳನ್ನು ಎಷ್ಟೋ ಚಿಪ್‌ಗಳು ಮುಟ್ಟಲೊಲ್ಲವು. ಅಂಥ ಕಡೆ ಎಡಿಟರ್‌ಗಳು ಇಂದೂ ಪ್ರಾಕ್ಸಿ ಎಂಬ ಹಗುರವಾದ ನಕಲು ಮಾಡಿಕೊಂಡು ಕತ್ತರಿಸಿ, ಕೊನೆಯಲ್ಲಿ ಮೂಲ ಫೈಲಿಗೆ ಜೋಡಿಸುತ್ತಾರೆ.