ಪಟ್ಟಿಯೇ ಮೊದಲ ತೀರ್ಪುಗಾರ

ಶಾಲೆಯ ಮಕ್ಕಳು ಕುಣಿದರು, ಹಾಡಿದರು. ತೀರ್ಪುಗಾರರು ಅಂಕ ಹಾಕಿದರು. ಸೋತವರು ಕೋರ್ಟಿಗೆ ಹೋದರು. ಧಾರವಾಡದ ಮಂದಿಗೆ ಇದು ನಗೆಯ ಮಾತು. ನಮ್ಮ ಪ್ರತಿಭಾ ಕಾರಂಜಿಯಲ್ಲಿ ಸೋತ ಕೂಲಿಕಾರನ ಮಗಳು ಕಣ್ಣೊರಸಿಕೊಂಡು ಮನಿಗೆ ಬರತಾಳ, ಅಷ್ಟ. ಆದರೆ ನಮ್ಮ ಭಾಷೆಯ ಮಕ್ಕಳು ಓದುವ ಕಾಸರಗೋಡಿನಲ್ಲಿ, ಇಡೀ ಕೇರಳದಲ್ಲಿ, ಇದಕ್ಕೊಂದು ಇತಿಹಾಸವೇ ಇದೆ.

1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿತು. 1957ರ ಜನವರಿಯಲ್ಲಿ ಎರ್ನಾಕುಲಂನಲ್ಲಿ ಆ ರಾಜ್ಯದ ಮೊದಲ ಶಾಲಾ ಕಲೋತ್ಸವ ನಡೆಯಿತು. ಬರಬರುತ್ತ ಯಕ್ಷಗಾನ, ಕನ್ನಡ ಭಾಷಣ, ಕನ್ನಡ ಪದ್ಯವಾಚನಗಳೂ ಅದರ ಪಟ್ಟಿಗೆ ಬಂದವು. 1986ರಲ್ಲಿ ಕಲಾತಿಲಕ, ಕಲಾಪ್ರತಿಭೆ ಎಂಬ ಬಿರುದುಗಳು ಶುರುವಾದವು. ಬಿರುದಿನ ಹಿಂದೆ ಹೆಸರು, ಗ್ರೇಸ್ ಮಾರ್ಕು, ಸಿನಿಮಾದ ಆಸೆ. ಅದರ ಹಿಂದೆ ರೊಕ್ಕ. ಜಗಳ ಅತಿಯಾಗಿ 2006ರಲ್ಲಿ ಬಿರುದುಗಳನ್ನೇ ಕಿತ್ತುಹಾಕಿ, ಗ್ರೇಡು ಉಳಿಸಿಕೊಂಡರು.

ಜಗಳದ ದಾರಿ ಹೀಗೆ. ಜಿಲ್ಲೆಯಲ್ಲಿ ಸೋತವರು ಶುಲ್ಕ ಕಟ್ಟಿ ಇಲಾಖೆಯ ಅಪೀಲು ಸಮಿತಿಗೆ ಹೋಗಬೇಕು. ಅಲ್ಲಿ ತಳ್ಳಿಹಾಕಿದರೆ ಕೋರ್ಟು, ಲೋಕಾಯುಕ್ತ, ಮಕ್ಕಳ ಹಕ್ಕು ಆಯೋಗ. ರಾಜ್ಯಮಟ್ಟದ ಸ್ಪರ್ಧೆಗೆ ಉಳಿದದ್ದು ಕೆಲವೇ ದಿನ. ಮಧ್ಯಂತರ ಆದೇಶ ಸಿಕ್ಕರೆ ಮಗು ವೇದಿಕೆ ಹತ್ತಿತು. ಉತ್ಸವ ಮುಗಿದ ಮೇಲೆ ಮೂಲ ದಾವೆಯಲ್ಲಿ ತೀರ್ಮಾನಿಸಲು ಉಳಿಯುವುದಾದರೂ ಏನು? ಈ ಆದೇಶಕ್ಕೆ ಎಷ್ಟು ಬೆಲೆ ಬಂತೆಂದರೆ, 2018ರ ತ್ರಿಶ್ಶೂರಿನ ಉತ್ಸವಕ್ಕೆ ಮಕ್ಕಳ ಹಕ್ಕು ಆಯೋಗದ ಹೆಸರಿನಲ್ಲಿ ಖೊಟ್ಟಿ ಆದೇಶಗಳೇ ತಯಾರಾಗಿ ಬಂದವು!

ಕಾನೂನು ಏನನ್ನುತ್ತದೆ? 1952ರಲ್ಲಿ ಫಿಲಿಪ್ಪೀನ್ಸ್ ಸುಪ್ರೀಂ ಕೋರ್ಟಿನ ಮುಂದೆ ಇಂಥದೇ ಮೊಕದ್ದಮೆ ಬಂದಿತ್ತು. ಭಾಷಣ ಸ್ಪರ್ಧೆಯಲ್ಲಿ ಎರಡನೆಯ ಸ್ಥಾನ ಪಡೆದವರು, ತೀರ್ಪುಗಾರನೊಬ್ಬ ಅಂಕ ಕೂಡಿಸುವುದರಲ್ಲಿ ತಪ್ಪಿದ್ದಾನೆ ಎಂದು ವಾದಿಸಿದರು. ಸ್ಪರ್ಧಿಗೆ ಸ್ಪರ್ಧಿಸುವ ಅವಕಾಶವಷ್ಟೇ ಉಂಟು, ಬಹುಮಾನದ ಮೇಲೆ ಹಕ್ಕಿಲ್ಲ. ತೀರ್ಪುಗಾರರ ತೀರ್ಪನ್ನು ಕೋರ್ಟು ತಿರುವಿಹಾಕದು ಎಂದಿತು ಆ ನ್ಯಾಯಾಲಯ.

2022ರ ಡಿಸೆಂಬರಿನಲ್ಲಿ ಕೇರಳ ಹೈಕೋರ್ಟು ಇಂಥ ಅರ್ಜಿಗಳನ್ನು ತಳ್ಳಿಹಾಕುತ್ತ, ಮಕ್ಕಳ ಸೋಲನ್ನು ಒಪ್ಪಿಕೊಳ್ಳಲು ತಾಯಿತಂದೆಗಳು ಕಲಿಯಬೇಕೆಂದಿತು. ಇನ್ನೊಂದು ಮಾತನ್ನೂ ಹೇಳಿತು: ದುಬಾರಿ ವೇಷಭೂಷಣದ ಖರ್ಚನ್ನು ಬಡ ಮಕ್ಕಳು ಹೊರಲಾರರು. ಈ ಮಾತನ್ನು ನಾವು ಗಟ್ಟಿಯಾಗಿ ಹಿಡಿಯಬೇಕು. ವೇಷದ ಖರ್ಚು ಹೊರಲಾರದವನು ವಕೀಲರ ಫೀ ಎಲ್ಲಿಂದ ತಂದಾನು? ಅನ್ಯಾಯವಾದರೆ ಕೇಳುವ ಹಕ್ಕು ಎಲ್ಲರಿಗೂ ಬೇಕು, ಖರೆ. ಆದರೆ ಆ ಹಕ್ಕು ರೊಕ್ಕ ಇದ್ದವರ ಕೈಯಾಗ ಮಾತ್ರ ಉಳಿದರ ಅದನ್ನ ನ್ಯಾಯ ಅಂತ ಹ್ಯಾಂಗ ಅನ್ನೂದು?

ಗೆಳೆಯರೇ, ಇದಕ್ಕೂ ದೊಡ್ಡ ಸೋಲೊಂದಿದೆ. ಅದಕ್ಕೆ ಅಪೀಲೇ ಇರಲಿಲ್ಲ. ಕಾಸರಗೋಡಿನ ಮಾವಿಲ, ಮಲವೇಟ್ಟುವ ಬುಡಕಟ್ಟಿನವರು ಮದುವೆ ಮನೆಗಳಲ್ಲಿ ತುಡಿ ಬಾರಿಸುತ್ತ, ತುಳು ಹಾಡು ಹೇಳುತ್ತ ಗಂಡು ಹೆಣ್ಣು ಕೂಡಿ ಕುಣಿಯುವುದು ಮಂಗಲಂಕಳಿ. ಭರತನಾಟ್ಯಕ್ಕೆ, ಮೋಹಿನಿಯಾಟ್ಟಕ್ಕೆ ಅಂಕ ಹಾಕಿದ ಕಲೋತ್ಸವದಲ್ಲಿ ಮಂಗಲಂಕಳಿ ತನ್ನ ಹೆಸರಿನಲ್ಲಿ ಸ್ಪರ್ಧೆಗೆ ನಿಂತದ್ದು 2025ರ ಜನವರಿಯಲ್ಲಿ, ತಿರುವನಂತಪುರದಲ್ಲಿ. ಪಣಿಯ, ಇರುಳ, ಪಳಿಯ, ಮಲಪುಲಯರ ಕುಣಿತಗಳೂ ಆ ವರ್ಷವೇ ಬಂದವು. 1957ರಿಂದ ಎಣಿಸಿದರೆ 68 ವರ್ಷ.

ಆ 68 ವರ್ಷ ಈ ಮಕ್ಕಳ ಕುಣಿತಕ್ಕೆ ಯಾರೂ ಕಡಿಮೆ ಅಂಕ ಹಾಕಲಿಲ್ಲ. ಅಂಕದ ಹಾಳೆಯಲ್ಲಿ ಅವರ ಕುಣಿತದ ಹೆಸರೇ ಇರಲಿಲ್ಲ. ತೀರ್ಪುಗಾರ ಕುರ್ಚಿಯಲ್ಲಿ ಕೂಡುವುದಕ್ಕೂ ಮೊದಲೇ ಪಟ್ಟಿ ತೀರ್ಪು ಕೊಟ್ಟಾಗಿತ್ತು: ಇದು ಕಲೆ, ಅದು ಕಲೆಯಲ್ಲ. ಸೋತವನಿಗೆ ಅಪೀಲಾದರೂ ಉಂಟು. ಸೇರಿಸಿಕೊಳ್ಳದವನು ಯಾವ ಕೋರ್ಟಿಗೆ ಹೋಗಬೇಕು?

ಕೇರಳದ ಮಾತು ಅಲ್ಲಿಗೇ ಬಿಡುವಂಗಿಲ್ಲ. ನಮ್ಮೂರಿನ ಶಾಲೆಗಳ ಪಟ್ಟಿಯನ್ನೂ ಒಮ್ಮೆ ಬಿಚ್ಚಿ ನೋಡೋಣ. ಹಲಗಿಯ ಸದ್ದಿಗೆ ಅದರಾಗ ಎಷ್ಟು ಜಾಗ ಐತಿ? ಪಟ್ಟಿ ಬರೆಯುವ ಮೇಜಿನ ಸುತ್ತ ನಮ್ಮ ಕೇರಿಯವರು ಎಷ್ಟು ಮಂದಿ ಕುಂತಾರ? ಮೊದಲು ಇದನ್ನ ಕೇಳೋಣ.