ಅಪಸ್ಮಾರ ಮತ್ತು ಖಿನ್ನತೆ: ಸಂಬಂಧದ ಚರಿತ್ರೆ

ಮಿದುಳಿನ ನರಕೋಶಗಳ ವಿದ್ಯುತ್ ಚಟುವಟಿಕೆ ಹಠಾತ್ತನೆ ಅಂಕೆ ಮೀರಿ, ಸೆಳವುಗಳು ಮತ್ತೆ ಮತ್ತೆ ಬರುವ ಕಾಯಿಲೆ ಅಪಸ್ಮಾರ. ಆಡುಮಾತಿನಲ್ಲಿ ಇದು ಮೂರ್ಛೆರೋಗ, ಫಿಟ್ಸ್. ಜಗತ್ತಿನಲ್ಲಿ ಸುಮಾರು 5 ಕೋಟಿ ಜನರಿಗೆ ಈ ಕಾಯಿಲೆಯಿದೆ. ಅವರಲ್ಲಿ ಹೆಚ್ಚುಕಡಿಮೆ ನಾಲ್ವರಿಗೊಬ್ಬರು ಖಿನ್ನತೆಯಿಂದ, ಐವರಿಗೊಬ್ಬರು ಆತಂಕದ ಕಾಯಿಲೆಯಿಂದ ನರಳುತ್ತಾರೆಂದು ಹಲವು ದೇಶಗಳ ಅಧ್ಯಯನಗಳನ್ನು ಒಟ್ಟುಗೂಡಿಸಿ 2013 ಮತ್ತು 2017ರಲ್ಲಿ ಪ್ರಕಟವಾದ ವಿಶ್ಲೇಷಣೆಗಳು ತೋರಿಸಿವೆ. ಈ ನಂಟನ್ನು ವೈದ್ಯರು ಗಮನಿಸಿ ಎರಡು ಸಾವಿರ ವರ್ಷಗಳ ಮೇಲಾಯಿತು. ಆದರೆ ಗಮನಿಸಿದ್ದರಿಂದ ರೋಗಿಗೆ ಬಹುಕಾಲ ಒಳಿತಾಗಲಿಲ್ಲ. ಒಂದು ಕಾಲದಲ್ಲಿ ಅದು ರೋಗಿಯ ಸ್ವಭಾವದ ಮೇಲಿನ ದೂರಾಯಿತು. ಆ ಕಳಂಕ ತೊಳೆಯುವ ಭರದಲ್ಲಿ ಮುಂದಿನವರು ನಂಟನ್ನೇ ಬದಿಗೆ ಸರಿಸಿದರು. ಖಿನ್ನತೆಯೂ ಕಾಯಿಲೆಯ ಒಂದು ಭಾಗ, ಅದಕ್ಕೂ ಔಷಧವಿದೆ ಎಂಬ ತಿಳಿವಳಿಕೆ ಗಟ್ಟಿಯಾಗಿದ್ದು ಕಳೆದ ಮೂರು ನಾಲ್ಕು ದಶಕಗಳಲ್ಲಿ.

ಪ್ರಾಚೀನ ವೈದ್ಯ

ಗ್ರೀಸಿನ ಹಿಪ್ಪೊಕ್ರೇಟಿಸನ ಹೆಸರಿನಲ್ಲಿ ಉಳಿದಿರುವ ಬರಹಗಳಲ್ಲಿ ಎರಡು ಇಲ್ಲಿ ಮುಖ್ಯ. ಕ್ರಿ.ಪೂ. 400ರ ಆಸುಪಾಸಿನ ಒಂದು ಗ್ರಂಥ, ಜನರು ದೇವರ ಕೋಪವೆಂದು ನಂಬಿದ್ದ ಈ ರೋಗದ ಮೂಲ ಮಿದುಳಿನಲ್ಲಿದೆ ಎಂದು ವಾದಿಸಿತು. 'ಎಪಿಡೆಮಿಕ್ಸ್' ಸಂಗ್ರಹದ ಆರನೆಯ ಪುಸ್ತಕ ಇನ್ನೂ ಮುಂದೆ ಹೋಗಿ, ವಿಷಾದರೋಗಿಗಳು ಅಪಸ್ಮಾರಕ್ಕೂ ಅಪಸ್ಮಾರಿಗಳು ವಿಷಾದಕ್ಕೂ ಈಡಾಗುತ್ತಾರೆ ಎಂದಿತು. ದೋಷ ದೇಹದ ಕಡೆ ತಿರುಗಿದರೆ ಸೆಳವು, ಬುದ್ಧಿಯ ಕಡೆ ತಿರುಗಿದರೆ ವಿಷಾದ ಎಂಬುದು ಅದರ ವಿವರಣೆ. ವಿಷಾದಕ್ಕೆ ಕಪ್ಪು ಪಿತ್ತವೇ ಕಾರಣವೆಂಬ ಅಂದಿನ ಸಿದ್ಧಾಂತ ಯಾವತ್ತೋ ಬಿದ್ದುಹೋಯಿತು. ಆದರೆ ದಾರಿ ಎರಡೂ ಕಡೆಗೆ ಸಾಗುತ್ತದೆ ಎಂಬ ಆ ಗ್ರಹಿಕೆಯನ್ನು ಅಂಕಿ ಅಂಶಗಳಿಂದ ಸಾಧಿಸಲು ವಿಜ್ಞಾನಕ್ಕೆ 20ನೆಯ ಶತಮಾನದ ಕೊನೆಯವರೆಗೂ ಸಾಧ್ಯವಾಗಲಿಲ್ಲ.

ಚರಕಸಂಹಿತೆಯ ನಿದಾನಸ್ಥಾನದಲ್ಲೂ ಚಿಕಿತ್ಸಾಸ್ಥಾನದಲ್ಲೂ ಉನ್ಮಾದದ ಅಧ್ಯಾಯದ ಬೆನ್ನಿಗೇ ಅಪಸ್ಮಾರದ ಅಧ್ಯಾಯ ಬರುತ್ತದೆ. ವಾತ, ಪಿತ್ತ, ಕಫ ಮತ್ತು ಮೂರೂ ಕೂಡಿದ ಸನ್ನಿಪಾತ ಎಂದು ಅಪಸ್ಮಾರವನ್ನು ನಾಲ್ಕು ಬಗೆಯಾಗಿ ವಿಂಗಡಿಸಿದ ಸಂಹಿತೆ, ಚಿಂತೆ, ಭಯ, ಕ್ರೋಧ, ಶೋಕ, ಉದ್ವೇಗಗಳಿಂದ ಘಾಸಿಗೊಂಡ ಮನಸ್ಸಿನಲ್ಲಿ ರೋಗ ತಲೆಯೆತ್ತುತ್ತದೆ ಎನ್ನುತ್ತದೆ. ಮನಸ್ಸಿನ ನೋವು ಇಲ್ಲಿ ರೋಗದ ಫಲವಾಗಿ ಅಲ್ಲ, ಕಾರಣಗಳ ಸಾಲಿನಲ್ಲೇ ನಿಂತಿದೆ.

ಆಸ್ಪತ್ರೆಯ ಗೋಡೆಗಳೊಳಗೆ

19ನೆಯ ಶತಮಾನದ ಯೂರೋಪಿನಲ್ಲಿ ಅಪಸ್ಮಾರಿಗಳನ್ನು ಹುಚ್ಚಾಸ್ಪತ್ರೆಗಳಲ್ಲಿ ಇಡುವ ರೂಢಿಯಿತ್ತು. ವೈದ್ಯರು ನೋಡಿದ್ದು ಅಲ್ಲಿ ಸೇರಿದ್ದ, ತೀರ ಕಷ್ಟದ ಸ್ಥಿತಿಯಲ್ಲಿದ್ದ ರೋಗಿಗಳನ್ನು ಮಾತ್ರ. ಅವರನ್ನು ನೋಡಿ ಎಲ್ಲ ಅಪಸ್ಮಾರಿಗಳ ಬಗ್ಗೆ ತೀರ್ಪು ಬರೆದರು. ಫ್ರಾನ್ಸಿನ ಮೊರೆಲ್ 1860ರಲ್ಲಿ, ಸೆಳವೇ ಇಲ್ಲದೆ ಸಿಟ್ಟು ಮತ್ತು ಭಯದ ರೂಪದಲ್ಲಿ ಹೊರಬರುವ 'ಅಡಗಿದ ಅಪಸ್ಮಾರ'ವೊಂದನ್ನು ಕಲ್ಪಿಸಿದ. ಇಟಲಿಯ ಲೊಂಬ್ರೋಸೊ ಅಪಸ್ಮಾರವನ್ನು ಹುಟ್ಟು ಅಪರಾಧಿಯ ಲಕ್ಷಣಗಳ ಜೊತೆ ಹೆಣೆದ. 'ಅಪಸ್ಮಾರಿಯ ಸ್ವಭಾವ' ಎಂಬ ಮಾತು ಪಠ್ಯಪುಸ್ತಕ ಸೇರಿತು. ಜರ್ಮನಿಯಲ್ಲಿ ನಾಜಿ ಸರ್ಕಾರ 1933ರಲ್ಲಿ ತಂದ ಬಲವಂತದ ಸಂತಾನಹರಣ ಕಾಯಿದೆ ಆನುವಂಶಿಕ ಅಪಸ್ಮಾರವನ್ನೂ ಪಟ್ಟಿಗೆ ಸೇರಿಸಿತು. ಈ ಚರಿತ್ರೆಯ ಅತ್ಯಂತ ಕರಾಳ ಅಧ್ಯಾಯವಿದು. ರೋಗಿಯ ದುಃಖವನ್ನು ವಂಶದ ಕೊಳೆಯೆಂದು ಓದಿದ ವೈದ್ಯರ ಪಾಲೂ ಅದರಲ್ಲಿದೆ.

ಆ ಕಾಯಿದೆಗೂ ಮುಂಚೆ ಜರ್ಮನಿಯ ಮನೋವೈದ್ಯ ಎಮಿಲ್ ಕ್ರೇಪೆಲಿನ್ ಮಾಡಿದ ವರ್ಣನೆ ಮಾತ್ರ ಇಂದಿಗೂ ನಿಂತಿದೆ. ಸೆಳವು ಬಾರದ ದಿನಗಳಲ್ಲೂ ರೋಗಿಗೆ ಇದ್ದಕ್ಕಿದ್ದಂತೆ ಮಂಕು ಕವಿಯುತ್ತದೆ. ಕಿರಿಕಿರಿ, ಆತಂಕ, ತಲೆನೋವು, ನಿದ್ರೆಗೇಡು, ನಡುವೆ ಎಲ್ಲೋ ಕಾರಣವಿಲ್ಲದ ಉಲ್ಲಾಸ. ಕೆಲವು ಗಂಟೆ ಅಥವಾ ಒಂದೆರಡು ದಿನ ಇದ್ದು, ಬಂದಷ್ಟೇ ಬೇಗ ಸರಿದುಹೋಗುತ್ತದೆ. 20ನೆಯ ಶತಮಾನದ ಕೊನೆಗೆ ಅಮೆರಿಕದ ಮನೋವೈದ್ಯ ಡೀಟ್ರಿಚ್ ಬ್ಲೂಮರ್ ಈ ಚಿತ್ರಣವನ್ನೇ ಮತ್ತೆ ಎತ್ತಿಕೊಂಡು, ಸೆಳವುಗಳ ನಡುವಿನ ವಿಷಾದಸ್ಥಿತಿ ಎಂದು ಹೊಸದಾಗಿ ನಿರೂಪಿಸಿದ. ಮಾಮೂಲಿ ಖಿನ್ನತೆಯ ಪ್ರಶ್ನಾವಳಿಗಳು ಇಂಥ ರೋಗಿಗಳನ್ನು ಹಲವು ಸಲ ಗುರುತಿಸದೆ ಬಿಡುವುದಕ್ಕೆ ಒಂದು ಕಾರಣ ಇಲ್ಲಿದೆ: ಎರಡು ವಾರ ಎಡೆಬಿಡದೆ ಕಾಡುವ ದುಃಖವನ್ನು ಅವು ಹುಡುಕುತ್ತವೆ.

ಮಿದುಳಿನಲ್ಲಿ ಹುಟ್ಟುವ ಭಯ

ಹ್ಯಾನ್ಸ್ ಬರ್ಗರ್ ಮನುಷ್ಯನ ಮಿದುಳಿನ ವಿದ್ಯುತ್ ಅಲೆಗಳ ದಾಖಲೆಯನ್ನು 1929ರಲ್ಲಿ ಪ್ರಕಟಿಸಿದ ಮೇಲೆ ಅಪಸ್ಮಾರ ನರವೈದ್ಯರ ಪಾಲಾಯಿತು, ಖಿನ್ನತೆ ಮನೋವೈದ್ಯರಲ್ಲೇ ಉಳಿಯಿತು. ಮಾಂಟ್ರಿಯಲ್‌ನಲ್ಲಿ ವೈಲ್ಡರ್ ಪೆನ್‌ಫೀಲ್ಡ್ ಎಚ್ಚರವಿದ್ದ ರೋಗಿಗಳ ಕಪಾಲಪಕ್ಕದ ಹಾಲೆಯನ್ನು ಸಣ್ಣ ವಿದ್ಯುತ್ತಿನಿಂದ ಮುಟ್ಟಿದಾಗ ಕೆಲವರಿಗೆ ನಿಷ್ಕಾರಣ ಭಯ ಹುಟ್ಟಿತು. ಲಂಡನ್ನಿನ ಡೆನಿಸ್ ವಿಲಿಯಮ್ಸ್ 1956ರಲ್ಲಿ, ಸೆಳವಿನ ಅಂಗವಾಗಿಯೇ ಭಾವನೆಗಳನ್ನು ಅನುಭವಿಸುವ 100 ರೋಗಿಗಳನ್ನು ವರದಿ ಮಾಡಿದ. ಅವರಲ್ಲಿ 61 ಜನರಿಗೆ ಭಯ, 21 ಜನರಿಗೆ ವಿಷಾದ. ಮಿದುಳಿನಲ್ಲಿ ಭಯವನ್ನು ನಿಭಾಯಿಸುವ ಅಮಿಗ್ಡಲ ಎಂಬ ಭಾಗದಲ್ಲಿ ಆರಂಭವಾಗುವ ಇಂಥ ಭಯ ಸಾಮಾನ್ಯವಾಗಿ ಒಂದೆರಡು ನಿಮಿಷದೊಳಗೆ ಮುಗಿಯುತ್ತದೆ, ಪ್ರತಿಸಲವೂ ಒಂದೇ ಅಚ್ಚಿನಲ್ಲಿರುತ್ತದೆ. ಇದನ್ನು ಪ್ಯಾನಿಕ್ ಎಂದು ತಿಳಿದು ವರ್ಷಗಟ್ಟಲೆ ಬೇರೆ ಔಷಧ ಕೊಟ್ಟಿರುವ ಉದಾಹರಣೆಗಳು ವೈದ್ಯಸಾಹಿತ್ಯದಲ್ಲಿವೆ.

ಕರ್ನಾಟಕದಲ್ಲಿ ಹೆಚ್ಚಾಗಿ ಕಾಣುವ ಬಿಸಿನೀರಿನ ಮೂರ್ಛೆಯನ್ನೂ ಇಲ್ಲಿ ನೆನೆಯಬೇಕು. ತಲೆಗೆ ಬಿಸಿನೀರು ಹೊಯ್ದುಕೊಳ್ಳುವಾಗ ಬರುವ ಈ ಸೆಳವಿನ ಮುನ್ನ ಕೆಲವರಿಗೆ ಹಿತವೆನಿಸಿ, ಚೊಂಬಿನ ಮೇಲೆ ಚೊಂಬು ಸುರಿದುಕೊಳ್ಳುತ್ತಲೇ ಹೋಗುತ್ತಾರೆಂದು ಬೆಂಗಳೂರಿನ ನಿಮ್ಹಾನ್ಸ್ ವೈದ್ಯರು ದಾಖಲಿಸಿದ್ದಾರೆ. ಸುಖವಾಗಲಿ ಭಯವಾಗಲಿ, ಸೆಳವು ಮುಟ್ಟುವ ನರಜಾಲಗಳೇ ಭಾವನೆಗಳ ದಾರಿಯೂ ಹೌದು.

ಸೆಳವೇ ಮದ್ದಾದಾಗ

ಬುಡಾಪೆಸ್ಟಿನ ಲಾಡಿಸ್ಲಾಸ್ ಮೆಡುನಾ ಅಪಸ್ಮಾರವೂ ಸ್ಕಿಜೋಫ್ರೀನಿಯವೂ ಪರಸ್ಪರ ವಿರೋಧಿಗಳೆಂದು ನಂಬಿ, 1934ರಲ್ಲಿ ಕರ್ಪೂರದಿಂದ ರೋಗಿಗಳಿಗೆ ಸೆಳವು ಬರಿಸಿದ. 1938ರಲ್ಲಿ ರೋಮಿನ ಚೆರ್ಲೆಟ್ಟಿ ಮತ್ತು ಬಿನಿ ಅದೇ ಕೆಲಸಕ್ಕೆ ವಿದ್ಯುತ್ತನ್ನು ಬಳಸಿದರು. ಚಿಕಿತ್ಸೆ ಉಳಿದುಕೊಂಡಿತು, ಸಿದ್ಧಾಂತ ಉಳಿಯಲಿಲ್ಲ. ಸೆಳವಿನಿಂದ ಅತಿ ಹೆಚ್ಚು ಗುಣ ಕಂಡಿದ್ದು ಮೆಡುನಾ ಉದ್ದೇಶಿಸಿದ ರೋಗದಲ್ಲಿ ಅಲ್ಲ, ತೀವ್ರ ಖಿನ್ನತೆಯಲ್ಲಿ.

1950ರ ದಶಕದಲ್ಲಿ ಸ್ವಿಟ್ಜರ್ಲೆಂಡಿನ ಲ್ಯಾಂಡೋಲ್ಟ್ ಇದಕ್ಕೆ ಹತ್ತಿರದ ಇನ್ನೊಂದು ಸಂಗತಿಯನ್ನು ವರ್ಣಿಸಿದ. ಔಷಧದಿಂದ ಸೆಳವು ನಿಂತು ಮಿದುಳಿನ ಅಲೆಗಳು ಸರಿಹೋದ ಗಳಿಗೆಯಲ್ಲೇ ಕೆಲವರ ಮನಸ್ಸು ಕೆಡುತ್ತಿತ್ತು. ಅಪರೂಪವಾದರೂ ವೈದ್ಯರು ಮರೆಯಬಾರದ ಎಚ್ಚರಿಕೆಯಿದು.

ಎರಡೂ ಕಡೆಯ ದಾರಿ

ಸೆಳವಿನ ಭಯ, ಕೆಲಸ ಕಳೆದುಕೊಳ್ಳುವ ಚಿಂತೆ, ಜನರ ತಿರಸ್ಕಾರ, ಇವುಗಳಿಂದ ಖಿನ್ನತೆ ಬರುತ್ತದೆಂಬ ವಿವರಣೆ ಬಹುಕಾಲ ಸಾಕೆನಿಸಿತ್ತು. ಅದು ಸುಳ್ಳಲ್ಲ. ಆದರೆ 1990ರಲ್ಲಿ ಸ್ವೀಡನ್ನಿನ ಫೋರ್ಸ್‌ಗ್ರೆನ್ ಮತ್ತು ನೈಸ್ಟ್ರೋಮ್, ಹೊಸದಾಗಿ ಅಪಸ್ಮಾರ ಬಂದ ವಯಸ್ಕರಲ್ಲಿ ಮೊದಲ ಸೆಳವಿಗೂ ಮುಂಚೆಯೇ ಖಿನ್ನತೆ ಇದ್ದದ್ದು ಇತರರಿಗಿಂತ ಹಲವು ಪಟ್ಟು ಹೆಚ್ಚೆಂದು ತೋರಿಸಿದರು. ಅಮೆರಿಕದ ಡೇಲ್ ಹೆಸ್ಡಾರ್ಫರ್ 2000ದಲ್ಲಿ ವಯಸ್ಸಾದವರಲ್ಲೂ 2006ರಲ್ಲಿ ಐಸ್‌ಲೆಂಡಿನ ಜನರಲ್ಲೂ ಇದನ್ನು ಖಚಿತಪಡಿಸಿದರು. 2012ರ ಬ್ರಿಟನ್ನಿನ ದಾಖಲೆಗಳ ಅಧ್ಯಯನದಲ್ಲಿ ಅಪಸ್ಮಾರ ಪತ್ತೆಯಾಗುವ ಹಿಂದಿನ ಮೂರು ವರ್ಷಗಳಲ್ಲೂ ನಂತರದ ಮೂರು ವರ್ಷಗಳಲ್ಲೂ ಖಿನ್ನತೆ ಮತ್ತು ಆತಂಕ ಹೆಚ್ಚಿದ್ದವು. ಇನ್ನೂ ಬಾರದ ಕಾಯಿಲೆಯ ಅವಮಾನದಿಂದ ಯಾರೂ ಕುಗ್ಗುವುದಿಲ್ಲ. ಹಾಗಾಗಿ ಎರಡಕ್ಕೂ ಸಮಾನ ಬೇರುಗಳನ್ನು ಹುಡುಕಬೇಕಾಯಿತು: ಸೆರಟೋನಿನ್ ಮತ್ತು ನಾರ್‌ಅಡ್ರಿನಲಿನ್ ಕೊರತೆ, ಮಿದುಳಿನ ಹಿಪೊಕ್ಯಾಂಪಸ್ ಭಾಗದ ಹಾನಿ, ದೀರ್ಘ ಒತ್ತಡದ ಹಾರ್ಮೋನುಗಳು.

ಔಷಧಗಳ ಕಥೆಯೂ ಇದರೊಳಗೇ ಇದೆ. 1857ರಿಂದ ಬಳಕೆಗೆ ಬಂದ ಬ್ರೋಮೈಡ್ ಸೆಳವು ತಗ್ಗಿಸಿ ಮನಸ್ಸನ್ನು ಮಂಕಾಗಿಸುತ್ತಿತ್ತು. 1912ರ ಫಿನೋಬಾರ್ಬಿಟಾಲ್ ಮಕ್ಕಳಲ್ಲಿ ಖಿನ್ನತೆ ತರಬಲ್ಲದೆಂದು 1987ರ ಅಧ್ಯಯನ ತೋರಿಸಿತು. ಅಪಸ್ಮಾರದ 11 ಔಷಧಗಳು ಆತ್ಮಹತ್ಯೆಯ ಆಲೋಚನೆಯನ್ನು ತುಸು ಹೆಚ್ಚಿಸಬಹುದೆಂದು ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2008ರಲ್ಲಿ ಎಚ್ಚರಿಸಿತು. ಲ್ಯಾಮೊಟ್ರಿಜಿನ್‌ನಂಥ ಕೆಲವು ಔಷಧಗಳು ಮನಸ್ಥಿತಿಗೆ ಒಳ್ಳೆಯವೂ ಹೌದು. ಖಿನ್ನತೆಯ ಔಷಧ ಕೊಟ್ಟರೆ ಸೆಳವು ಹೆಚ್ಚುತ್ತದೆಂಬ ಅಂಜಿಕೆಯಿಂದ ಎಷ್ಟೋ ರೋಗಿಗಳಿಗೆ ಚಿಕಿತ್ಸೆಯೇ ತಪ್ಪಿತು. 2007ರಲ್ಲಿ ಆಲ್ಪರ್ ಮತ್ತು ಸಂಗಡಿಗರು ಖಿನ್ನತೆಯ ರೋಗಿಗಳ ಮೇಲಿನ ಔಷಧಪ್ರಯೋಗಗಳನ್ನು ಜಾಲಾಡಿದಾಗ, ಬುಪ್ರೋಪಿಯಾನ್ ಮತ್ತು ಕ್ಲೋಮಿಪ್ರಮಿನ್‌ನಂಥ ಕೆಲವನ್ನು ಬಿಟ್ಟರೆ, ಔಷಧ ಪಡೆಯದವರಿಗಿಂತ ಪಡೆದವರಲ್ಲೇ ಸೆಳವು ಕಡಿಮೆಯಿತ್ತು. ಅದರ ಹಿಂದಿನ ವರ್ಷ ಫ್ರಾಂಕ್ ಗಿಲ್ಲಿಯಮ್ ತಂಡ ಅಪಸ್ಮಾರಿಗಳಿಗೆಂದೇ ಆರು ಪ್ರಶ್ನೆಗಳ ಪಟ್ಟಿ ರೂಪಿಸಿತ್ತು. ಹೊರರೋಗಿ ವಿಭಾಗದ ಗದ್ದಲದಲ್ಲೂ ಅದನ್ನು ಕೆಲವೇ ನಿಮಿಷದಲ್ಲಿ ಕೇಳಿ ಮುಗಿಸಬಹುದು.

ಭಾರತ ಮತ್ತು ಕರ್ನಾಟಕ

1976ರ ತಿದ್ದುಪಡಿ ಹಿಂದೂ ವಿವಾಹ ಕಾಯಿದೆಯಲ್ಲಿ ಬುದ್ಧಿವಿಕಲತೆಯ ಪಕ್ಕದಲ್ಲೇ ಅಪಸ್ಮಾರವನ್ನೂ ಇಟ್ಟು, ಅದಿದ್ದವರನ್ನು ಮದುವೆಗೆ ಅನರ್ಹರನ್ನಾಗಿಸಿತ್ತು. 1999ರಲ್ಲಿ ಆ ಪದವನ್ನು ಕಾಯಿದೆಯಿಂದ ತೆಗೆದುಹಾಕಿದರು. ಮದುವೆಯ ಮಾತುಕತೆಯಲ್ಲಿ ಕಾಯಿಲೆ ಮುಚ್ಚಿಟ್ಟು, ಗಂಡನ ಮನೆಯಲ್ಲಿ ಗುಳಿಗೆ ನುಂಗಲೂ ಹೆದರುವ ಹೆಣ್ಣುಮಕ್ಕಳ ಆತಂಕ ಮಾತ್ರ ಕಾಯಿದೆಯ ಜೊತೆ ಅಳಿಯಲಿಲ್ಲ.

ನಿಮ್ಹಾನ್ಸ್ ನಡೆಸಿದ ಬೆಂಗಳೂರು ನಗರ ಮತ್ತು ಗ್ರಾಮಾಂತರ ಸಮೀಕ್ಷೆ ಸಾವಿರ ಜನರಿಗೆ 8.8 ಅಪಸ್ಮಾರಿಗಳನ್ನು ಕಂಡಿತು. ಹಳ್ಳಿಗಳಲ್ಲಿ ಅದು ನಗರದ ಎರಡು ಪಟ್ಟು. ನರವೈದ್ಯ ಕೆ. ಎಸ್. ಮಣಿ ಮತ್ತು ಸಂಗಡಿಗರು ಯಳಂದೂರಿನಲ್ಲಿ, ಅಗ್ಗದ ಫಿನೋಬಾರ್ಬಿಟಾಲ್ ಮತ್ತು ಫಿನೈಟಾಯಿನ್‌ಗಳಿಂದಲೇ ಹಳ್ಳಿಯ ರೋಗಿಗಳನ್ನು ನೋಡಿಕೊಳ್ಳಬಹುದೆಂದು ತೋರಿಸಿದರು. 1980ರ ದಶಕದಲ್ಲಿ ನಿಮ್ಹಾನ್ಸ್ ಬಳ್ಳಾರಿ ಜಿಲ್ಲೆಯಲ್ಲಿ ಆರಂಭಿಸಿದ ಯೋಜನೆಯಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರಿಗೆ ಮಾನಸಿಕ ಕಾಯಿಲೆಗಳ ಜೊತೆ ಅಪಸ್ಮಾರದ ತರಬೇತಿಯನ್ನೂ ಕೊಟ್ಟರು. ಮುಂದೆ 1996ರಿಂದ ದೇಶದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಬಳ್ಳಾರಿಯೇ ಮಾದರಿಯಾಯಿತು. ದೊಡ್ಡ ನಗರಗಳ ಆಸ್ಪತ್ರೆಗಳು ನರವೈದ್ಯ ಮತ್ತು ಮನೋವೈದ್ಯರ ನಡುವೆ ರೋಗಿಯನ್ನು ಓಡಾಡಿಸುತ್ತಿದ್ದಾಗ, ಬಳ್ಳಾರಿಯ ಹಳ್ಳಿಗಳಲ್ಲಿ ಸೆಳವನ್ನೂ ಖಿನ್ನತೆಯನ್ನೂ ನೋಡುವ ಹೊಣೆ ಒಬ್ಬರೇ ವೈದ್ಯರದಾಗಿತ್ತು.